ಗ್ರಹಣ ಮತ್ತು ಪೂರ್ವಗ್ರಹ

2019ರ ಡಿಸೆಂಬರ್ 26, ಗುರುವಾರ. ಬೆಳಿಗ್ಗೆ ಎಂಟು ಗಂಟೆ ದಾಟುತ್ತಿದ್ದಂತೆ ಚಂದ್ರಬಿಂಬ ಸೂರ್ಯನ ಅಂಚನ್ನು ಮುಟ್ಟಿತು. ಮಂಗಳೂರು ಮತ್ತು ಕೊಡಗಿನ ಭಾಗಗಳಲ್ಲಿ ಅಂದು ಕಂಡದ್ದು ಕಂಕಣ ಗ್ರಹಣ. ರಾಜ್ಯದ ಉಳಿದೆಡೆ ಪಾರ್ಶ್ವ ಗ್ರಹಣ. ಸುಮಾರು ಮೂರು ಗಂಟೆಗಳ ಕಾಲ ನಡೆದ ಈ ವಿದ್ಯಮಾನವನ್ನು ನಮ್ಮ ಜನ ಹೇಗೆ ಬರಮಾಡಿಕೊಂಡರು?

ಎಷ್ಟೋ ಮನೆಗಳಲ್ಲಿ ಬಾಗಿಲು, ಕಿಟಕಿಗಳು ಮುಚ್ಚಿದವು. ನೀರಿನ ಕೊಡ, ಹಾಲಿನ ಪಾತ್ರೆಗಳ ಮೇಲೆ ದರ್ಭೆ ಕುಳಿತಿತು. ಗರ್ಭಿಣಿಯರು ಕತ್ತಲ ಕೋಣೆ ಸೇರಿದರು. ಅದೇ ಹೊತ್ತಿಗೆ ಹಲವು ಶಾಲೆಗಳ ಮೈದಾನದಲ್ಲಿ ಮಕ್ಕಳು ಸೌರಶೋಧಕ ಕನ್ನಡಕ ಹಾಕಿಕೊಂಡು, ಸರದಿಯಲ್ಲಿ ನಿಂತು ಗ್ರಹಣ ನೋಡಿ ಕುಣಿದಾಡಿದರು. ಕಲಬುರಗಿ ಸಮೀಪದ ತಾಜಸುಲ್ತಾನಪುರದಲ್ಲಿ ಮತ್ತೊಂದು ಬಗೆಯ ದೃಶ್ಯ. ಅಲ್ಲಿ ಅಂಗವೈಕಲ್ಯವಿದ್ದ ಮಕ್ಕಳನ್ನು ಗುಂಡಿಯಲ್ಲಿಳಿಸಿ ಕುತ್ತಿಗೆಯವರೆಗೆ ಮಣ್ಣು ಮುಚ್ಚಿದ್ದರು. ಗ್ರಹಣಕಾಲದಲ್ಲಿ ಹೀಗೆ ಮಾಡಿದರೆ ವೈಕಲ್ಯ ವಾಸಿಯಾಗುತ್ತದೆ ಎಂಬುದು ಹೆತ್ತವರ ನಂಬಿಕೆ.

ಒಂದೇ ಸೂರ್ಯ, ಒಂದೇ ನೆರಳು. ಒಂದು ಮನೆಗೆ ಅದು ವಿಷ, ಇನ್ನೊಂದು ಮನೆಗೆ ಔಷಧ, ಮತ್ತೊಂದೆಡೆ ಪಾಠ. ಆಕಾಶದಲ್ಲಿ ವ್ಯತ್ಯಾಸವಿಲ್ಲದ ಮೇಲೆ ವ್ಯತ್ಯಾಸ ನೋಡುವವರಲ್ಲಿಯೇ ಇರಬೇಕಲ್ಲವೆ? ನಮ್ಮ ನಂಬಿಕೆ, ನಾವು ಬೆಳೆದ ಬಗೆ, ನಾವು ಓದುವ ಪತ್ರಿಕೆ, ನೋಡುವ ವಾಹಿನಿ – ಇವೆಲ್ಲ ಸೇರಿ ನಮ್ಮ ಅಭಿಪ್ರಾಯಗಳನ್ನು ಹೇಗೆ ರೂಪಿಸುತ್ತವೆ ಎಂಬುದನ್ನು ತಿಳಿಯಲು ಗ್ರಹಣಕ್ಕಿಂತ ಒಳ್ಳೆಯ ಉದಾಹರಣೆ ಸಿಗಲಾರದು.

ನೆರಳಿನಲ್ಲಿ ಏನಿದೆ?

ಮೊದಲು ವಿದ್ಯಮಾನವನ್ನು ಚುಟುಕಾಗಿ ನೆನಪಿಸಿಕೊಳ್ಳೋಣ. ಸೂರ್ಯನ ವ್ಯಾಸ ಚಂದ್ರನದಕ್ಕಿಂತ ಸುಮಾರು 400 ಪಟ್ಟು ಹೆಚ್ಚು. ನಮ್ಮಿಂದ ಸೂರ್ಯನಿಗಿರುವ ದೂರವೂ ಚಂದ್ರನ ದೂರದ ಸುಮಾರು 400 ಪಟ್ಟು. ಹೀಗಾಗಿ ಎರಡೂ ಬಿಂಬಗಳು ನಮಗೆ ಹೆಚ್ಚುಕಡಿಮೆ ಒಂದೇ ಗಾತ್ರದಲ್ಲಿ ಕಾಣುತ್ತವೆ. ಅಮಾವಾಸ್ಯೆಯಂದು ಚಂದ್ರ ಸರಿಯಾಗಿ ನಡುವೆ ಬಂದರೆ ಅವನ ನೆರಳು ಭೂಮಿಯ ಮೇಲೆ ಬೀಳುತ್ತದೆ. ಚಂದ್ರ ಆಗ ತುಸು ದೂರದಲ್ಲಿದ್ದರೆ ಸೂರ್ಯನ ಅಂಚು ಬಳೆಯಂತೆ ಉಳಿಯುತ್ತದೆ. ಅದೇ ಕಂಕಣ ಗ್ರಹಣ.

ಇದರಲ್ಲಿ ಹೊಸ ಕಿರಣವೊಂದು ಹುಟ್ಟುವುದಿಲ್ಲ. ಬರುತ್ತಿದ್ದ ಬೆಳಕು ಕಡಿಮೆಯಾಗುತ್ತದೆ, ಅಷ್ಟೆ. ನೆರಳಿಗೇ ಹೆದರಬೇಕೆಂದಿದ್ದರೆ ನಾವು ದಿನವೂ ಹೆದರಬೇಕಿತ್ತು. ಏಕೆಂದರೆ ರಾತ್ರಿ ಎಂಬುದೂ ನೆರಳೇ, ಭೂಮಿಯದೇ ನೆರಳು. ಆ ನೆರಳಿನಲ್ಲಿ ನಾವು ಊಟ ಮಾಡುತ್ತೇವೆ, ನಿದ್ರಿಸುತ್ತೇವೆ, ಮಕ್ಕಳನ್ನು ಹೆರುತ್ತೇವೆ.

ಆದರೂ ಒಂದು ಎಚ್ಚರಿಕೆ ನಿಜ. ಗ್ರಹಣದ ಸೂರ್ಯನನ್ನು ಬರಿಗಣ್ಣಿನಿಂದ ದಿಟ್ಟಿಸಬಾರದು. ಅಕ್ಷಿಪಟಲದಲ್ಲಿ ನೋವನ್ನು ತಿಳಿಸುವ ನರಗಳಿಲ್ಲ. ಅದು ಸುಟ್ಟರೂ ಆ ಕ್ಷಣಕ್ಕೆ ಗೊತ್ತಾಗದು. ಬೇರೆ ದಿನಗಳಲ್ಲಿ ಸೂರ್ಯನತ್ತ ನೋಡಿದೊಡನೆ ಕಣ್ಣು ತಾನಾಗಿ ಮುಚ್ಚಿಕೊಳ್ಳುತ್ತದೆ. ಗ್ರಹಣದ ದಿನ ಪ್ರಖರತೆ ಕಡಿಮೆ, ಕುತೂಹಲ ಹೆಚ್ಚು; ಆದ್ದರಿಂದ ದಿಟ್ಟಿಸುವ ಸಂಭವವೂ ಹೆಚ್ಚು. ನಂಬಿಕೆಗಳು ಬಾಳುವ ಗುಟ್ಟುಗಳಲ್ಲಿ ಇದೊಂದು: ಹತ್ತು ಸುಳ್ಳುಗಳ ನಡುವೆ ಒಂದು ನಿಜ ಕುಳಿತಿದ್ದರೆ, ಆ ನಿಜ ಉಳಿದ ಹತ್ತನ್ನೂ ಕಾಪಾಡುತ್ತದೆ. ಪಂಚಾಂಗವನ್ನೇ ನೋಡಿ. ಗ್ರಹಣ ಹಿಡಿಯುವ ಹೊತ್ತು, ಬಿಡುವ ಹೊತ್ತು ಅದರಲ್ಲಿ ಕರಾರುವಾಕ್ಕಾಗಿರುತ್ತದೆ. ಅದು ಗಣಿತ. ಅದರ ಪಕ್ಕದಲ್ಲೇ ಯಾವ ರಾಶಿಗೆ ಶುಭ, ಯಾವ ರಾಶಿಗೆ ಅಶುಭ ಎಂಬ ಪಟ್ಟಿ. ಮೊದಲನೆಯದು ನಿಜವಾದದ್ದನ್ನು ಕಣ್ಣಾರೆ ಕಂಡವರು ಎರಡನೆಯದನ್ನೂ ಅದೇ ತಕ್ಕಡಿಯಲ್ಲಿ ತೂಗಿಬಿಡುತ್ತಾರೆ.

ತೊಟ್ಟಿಲಿನಿಂದ ಬಂದದ್ದು

ನಂಬಿಕೆ ಮೊದಲು ಎಲ್ಲಿಂದ ಬರುತ್ತದೆ? ಹೆಚ್ಚಿನವು ಬಾಲ್ಯದಲ್ಲೇ, ಮನೆಯಲ್ಲೇ ಬರುತ್ತವೆ. ಇದನ್ನು ಮಕ್ಕಳ ದಡ್ಡತನ ಎನ್ನುವಂತಿಲ್ಲ. ಒಲೆ ಸುಡುತ್ತದೆ, ಹಾವು ಕಚ್ಚುತ್ತದೆ, ಬಾವಿಯ ಕಟ್ಟೆ ಹತ್ತಬಾರದು – ಇವನ್ನೆಲ್ಲ ಮಗು ತಾನೇ ಪರೀಕ್ಷಿಸಹೊರಟರೆ ಬದುಕುವುದು ಕಷ್ಟ. ದೊಡ್ಡವರ ಮಾತನ್ನು ನಂಬುವ ಗುಣ ಮಗುವನ್ನು ಉಳಿಸುತ್ತದೆ. ತೊಂದರೆಯೆಂದರೆ, ‘ಒಲೆ ಮುಟ್ಟಬೇಡ’ ಮತ್ತು ‘ಗ್ರಹಣದಲ್ಲಿ ನೀರು ಕುಡಿಯಬೇಡ’ ಎರಡೂ ಒಂದೇ ಬಾಯಿಯಿಂದ, ಒಂದೇ ಅಕ್ಕರೆಯಿಂದ ಬರುತ್ತವೆ. ಯಾವುದು ಅನುಭವದ ಮಾತು, ಯಾವುದು ಕೇಳಿಬಂದ ಮಾತು ಎಂದು ಬೇರ್ಪಡಿಸುವ ಸಾಧನ ಮಗುವಿನ ಬಳಿ ಇಲ್ಲ.

2005ರಲ್ಲಿ ವಿಕ್ಟೋರಿಯಾ ಹಾರ್ನರ್ ಮತ್ತು ಆಂಡ್ರ್ಯೂ ವೈಟನ್ ಎಂಬ ವಿಜ್ಞಾನಿಗಳು ಪ್ರಕಟಿಸಿದ ಒಂದು ಪ್ರಯೋಗ ಇಲ್ಲಿ ಸ್ವಾರಸ್ಯಕರ. ಒಳಗೆ ಬಹುಮಾನವಿರುವ ಪೆಟ್ಟಿಗೆಯೊಂದನ್ನು ಕಡ್ಡಿಯಿಂದ ತೆರೆಯುವ ಬಗೆಯನ್ನು ಚಿಂಪಾಂಜಿಗಳಿಗೂ ಮೂರು ನಾಲ್ಕು ವರ್ಷದ ಮಕ್ಕಳಿಗೂ ತೋರಿಸಲಾಯಿತು. ತೋರಿಸುವಾಗ ಬೇಕೆಂದೇ ಕೆಲವು ಅನಗತ್ಯ ಕ್ರಿಯೆಗಳನ್ನು ಸೇರಿಸಿದ್ದರು. ಪೆಟ್ಟಿಗೆ ಅಪಾರದರ್ಶಕವಾಗಿದ್ದಾಗ ಚಿಂಪಾಂಜಿಗಳೂ ಮಕ್ಕಳೂ ಎಲ್ಲವನ್ನೂ ಅನುಕರಿಸಿದರು. ಪೆಟ್ಟಿಗೆ ಪಾರದರ್ಶಕವಾದಾಗ ಆ ಕ್ರಿಯೆಗಳಿಂದ ಪ್ರಯೋಜನವಿಲ್ಲವೆಂಬುದು ಕಣ್ಣಿಗೇ ಕಾಣುತ್ತಿತ್ತು. ಚಿಂಪಾಂಜಿಗಳು ಅವನ್ನು ಕೈಬಿಟ್ಟು ನೇರವಾಗಿ ಬಹುಮಾನಕ್ಕೆ ಕೈಹಾಕಿದವು. ಮಕ್ಕಳು ಮಾತ್ರ ದೊಡ್ಡವರು ಮಾಡಿದ್ದನ್ನೆಲ್ಲ ಚಾಚೂ ತಪ್ಪದೆ ಮಾಡಿದರು!

ಮನುಷ್ಯರ ಸಂಸ್ಕೃತಿ ತಲೆಮಾರಿನಿಂದ ತಲೆಮಾರಿಗೆ ಹರಿದುಬರುವುದು ಈ ಗುಣದಿಂದಲೇ. ಅಡುಗೆ, ನೇಯ್ಗೆ, ಭಾಷೆ, ಲಿಪಿ ಎಲ್ಲವನ್ನೂ ನಾವು ಹೀಗೆಯೇ ಕಲಿತೆವು. ಅದೇ ಕಾಲುವೆಯಲ್ಲಿ ಅನಗತ್ಯವಾದವೂ ಹರಿದುಬರುತ್ತವೆ.

ಯಾವುದು ಹರಿದುಬರುತ್ತದೆಂಬುದು ನೀವು ಹುಟ್ಟಿದ ಊರನ್ನು ಅವಲಂಬಿಸಿದೆ. ಗ್ರಹಣಕಾಲದಲ್ಲಿ ಗರ್ಭಿಣಿ ಹೊರಗೆ ಬಂದರೆ ಮಗುವಿನ ತುಟಿ ಸೀಳುತ್ತದೆಂಬ ಭಯ ನಮ್ಮಲ್ಲಿದೆ. ಸಾವಿರಾರು ಮೈಲಿ ದೂರದ ಮೆಕ್ಸಿಕೋದಲ್ಲೂ ಇದೇ ಭಯವಿದೆ. ಆದರೆ ಪರಿಹಾರ ಬೇರೆ. ನಮ್ಮಲ್ಲಿ ಗರ್ಭಿಣಿ ಚಾಕು, ಕತ್ತರಿ, ಈಳಿಗೆಮಣೆ ಮುಟ್ಟಬಾರದು. ಲೋಹದ ಹರಿತವಾದ ವಸ್ತುವೇ ಅಪಾಯ. ಅಲ್ಲಿ ಗರ್ಭಿಣಿಯರು ರಕ್ಷಣೆಗೆಂದು ಬಟ್ಟೆಗೆ ಲೋಹದ ಪಿನ್ನು ಚುಚ್ಚಿಕೊಳ್ಳುತ್ತಾರೆ ಅಥವಾ ಸೊಂಟಕ್ಕೆ ಬೀಗದ ಕೈ ಕಟ್ಟಿಕೊಳ್ಳುತ್ತಾರೆ, ಲೋಹವೇ ಕಾವಲು. ಮೆಕ್ಸಿಕೋದ ಮಗುವೊಂದು ಮಂಡ್ಯದಲ್ಲಿ ಬೆಳೆದಿದ್ದರೆ ಅದು ಯಾವುದನ್ನು ನಂಬುತ್ತಿತ್ತು? ನಿಮ್ಮ ವಿದ್ಯಾರ್ಥಿಗಳನ್ನು ಕೇಳಿ ನೋಡಿ.

ಬಲ್ಲವರ ಎರಡು ಕಪಾಟುಗಳು

‘ಓದಿಲ್ಲದವರು ನಂಬುತ್ತಾರೆ, ಓದಿದರೆ ಸರಿಹೋಗುತ್ತದೆ’ ಎಂದು ನೀವು ಹೇಳಬಹುದು. ಇತಿಹಾಸ ಹಾಗೆ ಹೇಳುವುದಿಲ್ಲ.

ಕ್ರಿ.ಶ. 499ರ ‘ಆರ್ಯಭಟೀಯ’ದಲ್ಲಿ ಆರ್ಯಭಟ ಗ್ರಹಣದ ಕಾರಣವನ್ನು ಸ್ಪಷ್ಟವಾಗಿ ಹೇಳಿದ್ದಾನೆ: ಸೂರ್ಯನನ್ನು ಮರೆಮಾಡುವುದು ಚಂದ್ರ, ಚಂದ್ರನನ್ನು ಮರೆಮಾಡುವುದು ಭೂಮಿಯ ನೆರಳು. ವರಾಹಮಿಹಿರನೂ ರಾಹುವೇ ಕಾರಣವೆಂಬುದನ್ನು ಒಪ್ಪಲಿಲ್ಲ. ಮುಂದೆ 628ರಲ್ಲಿ ‘ಬ್ರಾಹ್ಮಸ್ಫುಟಸಿದ್ಧಾಂತ’ ಬರೆದ ಬ್ರಹ್ಮಗುಪ್ತ ಮಹಾಮೇಧಾವಿ. ಸೊನ್ನೆಯ ಗಣಿತಕ್ಕೆ ನಿಯಮಗಳನ್ನು ಕೊಟ್ಟವನು. ಗ್ರಹಣಗಳನ್ನು ನೆರಳಿನ ಅಳತೆಯಿಂದಲೇ ಲೆಕ್ಕಹಾಕಲು ಬಲ್ಲವನು. ಆದರೂ ಅದೇ ಗ್ರಂಥದಲ್ಲಿ, ರಾಹುವನ್ನು ಅಲ್ಲಗಳೆದ ಆರ್ಯಭಟ, ವರಾಹಮಿಹಿರರನ್ನು ಆತ ಟೀಕಿಸುತ್ತಾನೆ. ಅವರ ಮಾತು ಶ್ರುತಿಸ್ಮೃತಿಗಳಿಗೆ ವಿರುದ್ಧವೆನ್ನುತ್ತಾನೆ. ಸುಮಾರು ನಾಲ್ಕು ಶತಮಾನಗಳ ನಂತರ, 1030ರ ಸುಮಾರಿಗೆ, ಭಾರತದ ಬಗ್ಗೆ ಗ್ರಂಥ ಬರೆದ ಅಲ್‌ಬಿರೂನಿ ಇದನ್ನು ಓದಿ ಬೆರಗಾದ. ಇಷ್ಟು ತಿಳಿದವನು ಹೀಗೇಕೆ ಬರೆದ? ಸಾಕ್ರೆಟಿಸನಿಗಾದ ಗತಿ ತನಗೂ ಬಂದೀತೆಂಬ ಭಯವಿದ್ದಿರಬಹುದೆ ಎಂದು ಆತ ಊಹಿಸಿದ್ದಾನೆ.

ಭಯವೋ ಶ್ರದ್ಧೆಯೋ, ಬ್ರಹ್ಮಗುಪ್ತನ ಮನಸ್ಸಿನೊಳಗಿದ್ದುದನ್ನು ಇಂದು ತೀರ್ಮಾನಿಸಲಾಗದು. ಆದರೆ ಒಂದೇ ಗ್ರಂಥದಲ್ಲಿ ಲೆಕ್ಕಕ್ಕೊಂದು ಕಪಾಟು, ನಂಬಿಕೆಗೊಂದು ಕಪಾಟು ಇರಬಲ್ಲದು ಎಂಬುದಂತೂ ಸ್ಪಷ್ಟ. ಇದು ನಮಗೆ ಅಪರಿಚಿತವೇನಲ್ಲ. ಬೆಳಿಗ್ಗೆ ಕರಿಹಲಗೆಯ ಮೇಲೆ ದಟ್ಟನೆರಳು, ಅರೆನೆರಳುಗಳ ಚಿತ್ರ ಬರೆದು ಗ್ರಹಣದ ಪಾಠ ಮಾಡಿದ ಶಿಕ್ಷಕರು ಸಂಜೆ ಮನೆಯಲ್ಲಿ ಕೊಡದ ನೀರನ್ನು ಚೆಲ್ಲುವುದುಂಟು. ಅವರಿಗೆ ವಿಷಯ ಗೊತ್ತಿಲ್ಲವೆಂದಲ್ಲ. ಪಾಠದ ಕಪಾಟಿನ ಬೀಗದ ಕೈ ಮನೆಯ ಕಪಾಟಿಗೆ ಹೊಂದುವುದಿಲ್ಲ, ಅಷ್ಟೆ. ಇಲ್ಲಿ ಕೆಲಸ ಮಾಡುವುದು ಬರಿಯ ನಂಬಿಕೆಯೂ ಅಲ್ಲ. ಅತ್ತೆಯವರು ಬೇಸರಿಸಿಕೊಂಡರೆ? ನೆರೆಹೊರೆಯವರು ಏನೆಂದಾರು? ನಾಳೆ ಯಾರಿಗಾದರೂ ಜ್ವರ ಬಂದರೆ ತಪ್ಪು ಯಾರ ತಲೆಗೆ? ಬಹಳ ಸಲ ನಮ್ಮ ಅಭಿಪ್ರಾಯವೆಂದರೆ ನಮ್ಮವರೊಂದಿಗೆ ನಾವು ಮಾಡಿಕೊಂಡ ಒಪ್ಪಂದವೇ.

ಸೀಳುತುಟಿಯ ಲೆಕ್ಕ

‘ನಮ್ಮೂರಿನಲ್ಲೇ ಒಬ್ಬಳು ಗ್ರಹಣದ ದಿನ ಹೊರಗೆ ಬಂದಿದ್ದಳು, ಮಗುವಿಗೆ ಸೀಳುತುಟಿ ಆಯಿತು.’ ಇಂಥ ಮಾತನ್ನು ನೀವು ಕೇಳಿರುತ್ತೀರಿ. ಹೇಳುವವರು ಸುಳ್ಳು ಹೇಳುತ್ತಿಲ್ಲ. ಹಾಗಾದರೆ ತಪ್ಪು ಎಲ್ಲಿದೆ?

ಸೀಳುತುಟಿ, ಸೀಳಂಗುಳ ಅಪರೂಪದ ದೋಷಗಳೇನಲ್ಲ. ಸ್ಥೂಲವಾಗಿ 700ರಿಂದ 1000 ಶಿಶುಗಳಲ್ಲಿ ಒಂದಕ್ಕೆ ಬರುತ್ತವೆ. ಈಗ ಒಂದು ಕಾಲ್ಪನಿಕ ಲೆಕ್ಕ ಮಾಡೋಣ. ಒಂದು ಪ್ರದೇಶದಲ್ಲಿ ಗ್ರಹಣದ ದಿನ 20,000 ಗರ್ಭಿಣಿಯರಿದ್ದರು ಎಂದುಕೊಳ್ಳಿ. ಅವರಲ್ಲಿ 18,000 ಮಂದಿ ಒಳಗೇ ಉಳಿದರು, 2,000 ಮಂದಿ ಹೊರಗೆ ಬಂದರು. ಗ್ರಹಣಕ್ಕೂ ತುಟಿಗೂ ಏನೇನೂ ಸಂಬಂಧವಿಲ್ಲ, ಸಾವಿರಕ್ಕೊಂದರಂತೆ ದೋಷ ಬರುತ್ತದೆ ಎಂದಿಟ್ಟುಕೊಂಡರೆ ಫಲಿತಾಂಶವೇನು?

ಹೊರಗೆ ಬಂದವರಲ್ಲಿ: ಸೀಳುತುಟಿಯ ಮಕ್ಕಳು 2, ಇಲ್ಲದವರು 1,998.
ಒಳಗಿದ್ದವರಲ್ಲಿ: ಸೀಳುತುಟಿಯ ಮಕ್ಕಳು 18, ಇಲ್ಲದವರು 17,982.

ಒಟ್ಟು ನಾಲ್ಕು ಅಂಕಿಗಳು. ಊರಿನ ಬಾಯಿಗೆ ಬರುವುದು ಒಂದೇ ಒಂದು: ಆ 2. ಹೊರಗೆ ಬಂದೂ ಆರೋಗ್ಯವಂತ ಮಗುವನ್ನು ಹೆತ್ತ 1,998 ತಾಯಂದಿರ ಕಥೆ ಯಾರಿಗೂ ಕಥೆ ಎನಿಸುವುದಿಲ್ಲ. ಒಳಗೇ ಇದ್ದ 18 ತಾಯಂದಿರ ಪಾಡು ಇನ್ನೂ ಕಠಿಣ. ಅವರನ್ನು ಸುತ್ತಲಿನವರು ಕೆದಕಿ ಕೇಳುತ್ತಾರೆ: ‘ಕಿಟಕಿಯಿಂದ ಇಣುಕಿದ್ದೆಯೇನೋ, ನೆನಪು ಮಾಡಿಕೋ. ತರಕಾರಿ ಹೆಚ್ಚಿದ್ದೆಯೇನೋ.’ ಆಕೆಯೂ ನೆನಪು ಮಾಡಿಕೊಳ್ಳುತ್ತಾಳೆ, ಏನೋ ಒಂದು ಸಿಕ್ಕೇ ಸಿಗುತ್ತದೆ. ನಂಬಿಕೆಗೆ ವಿರುದ್ಧವಾದ 18 ಸಾಕ್ಷಿಗಳು ಹೀಗೆ ನಂಬಿಕೆಯ ಪರವಾದ 18 ಸಾಕ್ಷಿಗಳಾಗಿ ಬದಲಾಗುತ್ತವೆ!

ಭ್ರೂಣಶಾಸ್ತ್ರ ಹೇಳುವುದನ್ನೂ ಕೇಳಿ. ಮಗುವಿನ ತುಟಿ ರೂಪುಗೊಳ್ಳುವುದು ಗರ್ಭಧಾರಣೆಯ 4ರಿಂದ 7ನೆಯ ವಾರದೊಳಗೆ. ಅಂಗುಳ 6ರಿಂದ 9ನೆಯ ವಾರದೊಳಗೆ. ಐದಾರು ತಿಂಗಳ ಗರ್ಭಿಣಿಯನ್ನು ಕೋಣೆಯಲ್ಲಿ ಕೂರಿಸುವ ಹೊತ್ತಿಗೆ ಮಗುವಿನ ತುಟಿ ಕೂಡಿಯೋ ಸೀಳಿಯೋ ತಿಂಗಳುಗಳೇ ಕಳೆದಿರುತ್ತವೆ. ಆನುವಂಶಿಕತೆ, ತಾಯಿಯ ಧೂಮಪಾನ, ಅಪಸ್ಮಾರದ ಕೆಲವು ಔಷಧಗಳು ಈ ದೋಷದ ಸಂಭವವನ್ನು ಹೆಚ್ಚಿಸುತ್ತವೆಂದು ಗೊತ್ತಾಗಿದೆ. ಪಟ್ಟಿಯಲ್ಲಿ ಗ್ರಹಣವಿಲ್ಲ.

ಇದು ಬರಿಯ ತರ್ಕದ ವಿಷಯವಲ್ಲ. ತಪ್ಪು ನಂಬಿಕೆಯ ಬೆಲೆ ತೆರುವವಳು ಆ ತಾಯಿ. ಮೂರು ಗಂಟೆ ನೀರಿಲ್ಲದೆ ಕೂರುವುದು ಒಂದು ಕಡೆ. ಮಗುವಿನ ಮುಖ ಕಂಡಾಗಲೆಲ್ಲ ‘ನನ್ನಿಂದಲೇ ಆಯಿತು’ ಎಂದು ಕೊರಗುವುದು ಇನ್ನೊಂದು ಕಡೆ. ಸೀಳುತುಟಿಯನ್ನು ಸಾಮಾನ್ಯವಾಗಿ ಮೊದಲ ವರ್ಷದೊಳಗೆ, ಅಂಗುಳವನ್ನು ಒಂದೂವರೆ ವರ್ಷದೊಳಗೆ ಶಸ್ತ್ರಚಿಕಿತ್ಸೆಯಿಂದ ಸರಿಪಡಿಸಬಹುದು. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದ ಪಟ್ಟಿಯಲ್ಲಿ ಈ ದೋಷವೂ ಸೇರಿದೆ. ದೋಷವನ್ನು ಗ್ರಹಣದ ಫಲವೆಂದು ಒಪ್ಪಿಕೊಂಡ ಮನೆ ವೈದ್ಯರ ಬಾಗಿಲಿಗೆ ಹೋಗುವುದು ತಡವಾದರೆ ನಷ್ಟ ಮಗುವಿಗೆ.

ಎರಡು, ನಾಲ್ಕು, ಆರು

ನಮಗೆ ಬೇಕಾದ ಸಾಕ್ಷಿಯನ್ನಷ್ಟೇ ಹುಡುಕುವ ಈ ಗುಣವನ್ನು ಲಂಡನ್ನಿನ ಮನೋವಿಜ್ಞಾನಿ ಪೀಟರ್ ವೇಸನ್ 1960ರಲ್ಲಿ ಸರಳ ಆಟವೊಂದರಿಂದ ತೋರಿಸಿಕೊಟ್ಟರು. ನೀವೂ ತರಗತಿಯಲ್ಲಿ ಆಡಿಸಬಹುದು.

ಹಲಗೆಯ ಮೇಲೆ 2, 4, 6 ಎಂದು ಬರೆಯಿರಿ. ‘ಈ ಮೂರು ಸಂಖ್ಯೆಗಳು ನನ್ನ ಮನಸ್ಸಿನಲ್ಲಿರುವ ಒಂದು ನಿಯಮವನ್ನು ಪಾಲಿಸುತ್ತವೆ. ನೀವೂ ಮೂರು ಮೂರು ಸಂಖ್ಯೆಗಳನ್ನು ಹೇಳಿ. ಅವು ನಿಯಮಕ್ಕೆ ಹೊಂದುತ್ತವೆಯೋ ಇಲ್ಲವೋ ಎಂದಷ್ಟೇ ಹೇಳುತ್ತೇನೆ. ಖಚಿತವಾದಾಗ ನಿಯಮ ತಿಳಿಸಿ’ ಎನ್ನಿ. ಮಕ್ಕಳು 8, 10, 12 ಎನ್ನುತ್ತಾರೆ. ಹೊಂದುತ್ತದೆ. 20, 22, 24? ಹೊಂದುತ್ತದೆ. ‘ಎರಡೆರಡು ಹೆಚ್ಚುವ ಸಂಖ್ಯೆಗಳು’ ಎಂದು ಘೋಷಿಸುತ್ತಾರೆ. ಅದು ತಪ್ಪು! ನಿಯಮ ‘ಏರುವ ಕ್ರಮದಲ್ಲಿರುವ ಯಾವುದೇ ಮೂರು ಸಂಖ್ಯೆಗಳು’ ಎಂದಷ್ಟೆ. 1, 7, 50 ಎಂದು ಒಮ್ಮೆ ಕೇಳಿದ್ದರೆ ಸಾಕಿತ್ತು. ತಮ್ಮ ಊಹೆಯನ್ನು ಕೆಡವಬಲ್ಲ ಪ್ರಶ್ನೆಯನ್ನು ಬಹುತೇಕರು ಕೇಳುವುದೇ ಇಲ್ಲ. ವೇಸನ್ನರ ಪ್ರಯೋಗದಲ್ಲಿದ್ದವರು ವಿಶ್ವವಿದ್ಯಾಲಯದ 29 ವಿದ್ಯಾರ್ಥಿಗಳು. ಒಂದೂ ತಪ್ಪು ನಿಯಮ ಹೇಳದೆ ಸರಿಯುತ್ತರ ಕೊಟ್ಟವರು 6 ಮಂದಿ.

ಇದರ ಬೆಳಕಿನಲ್ಲಿ ನಮ್ಮ ಒನಕೆಯ ಪವಾಡವನ್ನು ನೋಡಿ. ಗ್ರಹಣದ ಹೊತ್ತಿನಲ್ಲಿ ತಟ್ಟೆಯೊಂದರಲ್ಲಿ ನೀರು ಹಾಕಿ ಒನಕೆ ನಿಲ್ಲಿಸಿದರೆ ಆಸರೆಯಿಲ್ಲದೆ ನೇರ ನಿಲ್ಲುತ್ತದೆ. ಗ್ರಹಣ ಬಿಟ್ಟೊಡನೆ ಬೀಳುತ್ತದೆ ಎಂದು ಹೇಳುವುದುಂಟು. ನಿಲ್ಲುವುದು ನಿಜ. ಒನಕೆಯ ತಳ ಚಪ್ಪಟೆ. ಗುರುತ್ವಕೇಂದ್ರದಿಂದ ಇಳಿಬಿಟ್ಟ ಲಂಬರೇಖೆ ಆ ತಳದೊಳಗೆ ಬಿದ್ದರೆ ಅದು ನಿಲ್ಲಲೇಬೇಕು, ಯಾವ ದಿನವಾದರೂ. ಹಾಗಾದರೆ ಇದು ಗ್ರಹಣದ ಮಹಿಮೆಯೆಂದು ಜನ ನಂಬುವುದೇಕೆ? ಬೇರೆ ದಿನ ಯಾರೂ ನಿಲ್ಲಿಸಿ ನೋಡುವುದಿಲ್ಲ! ಗ್ರಹಣದ ದಿನ ತಾಳ್ಮೆಯಿಂದ ಹತ್ತು ಸಲ ಯತ್ನಿಸುತ್ತಾರೆ, ಹನ್ನೊಂದನೆಯ ಸಲ ನಿಂತಾಗ ಕೈಮುಗಿಯುತ್ತಾರೆ. ಮುಂದಿನ ಮಂಗಳವಾರ ಒನಕೆ ನಿಲ್ಲಿಸಿ ನೋಡುವುದೇ ಇಲ್ಲಿ ‘1, 7, 50’.

ಮಾಧ್ಯಮದ ಕನ್ನಡಿ

ಮನೆಯ ನಂತರ ನಮ್ಮ ಅಭಿಪ್ರಾಯಗಳನ್ನು ತಿದ್ದುವುದು ಪತ್ರಿಕೆ, ರೇಡಿಯೋ, ಟಿ.ವಿ., ಈಗ ಮೊಬೈಲು.

1980ರ ಫೆಬ್ರವರಿ 16ರ ಶನಿವಾರ ಮಧ್ಯಾಹ್ನ ಪೂರ್ಣ ಸೂರ್ಯಗ್ರಹಣದ ಪಥ ಕಾರವಾರದ ಕರಾವಳಿಯಲ್ಲಿ ನಾಡನ್ನು ಪ್ರವೇಶಿಸಿ, ಹುಬ್ಬಳ್ಳಿ, ರಾಯಚೂರು ಪ್ರದೇಶಗಳ ಮೇಲೆ ಹಾದು ಒಡಿಶಾದ ಕರಾವಳಿಯತ್ತ ಸಾಗಿತು. ರಾಯಚೂರು ಜಿಲ್ಲೆಯ ಜವಳಗೇರಾದಲ್ಲಿ ಬೆಂಗಳೂರಿನ ಭಾರತೀಯ ಖಭೌತವಿಜ್ಞಾನ ಸಂಸ್ಥೆಯ ವಿಜ್ಞಾನಿಗಳು ಬೀಡುಬಿಟ್ಟಿದ್ದರು. ಅಪೂರ್ವ ಅವಕಾಶ. ಆದರೆ ಎಚ್ಚರಿಕೆಗಳ ಸುರಿಮಳೆಯಲ್ಲಿ ‘ಬರಿಗಣ್ಣಿನಿಂದ ನೋಡಬೇಡಿ’ ಎಂಬುದು ‘ನೋಡಲೇಬೇಡಿ’ ಎಂದಾಯಿತು. ಊರುಗಳ ಬೀದಿಗಳು ಬಿಕೋ ಎಂದವು. ದೂರದರ್ಶನವು ಜನ ಮನೆಯೊಳಗೇ ಉಳಿಯಲೆಂದು ಗ್ರಹಣದ ಹೊತ್ತಿಗೆ ಹಿಂದಿ ಚಲನಚಿತ್ರವೊಂದನ್ನು ಪ್ರಸಾರ ಮಾಡಿತು.

ಹದಿನೈದು ವರ್ಷಗಳ ನಂತರ, 1995ರ ಅಕ್ಟೋಬರ್ 24ರಂದು, ರಾಜಸ್ಥಾನದಿಂದ ಬಂಗಾಳದವರೆಗೆ ಇನ್ನೊಂದು ಪೂರ್ಣಗ್ರಹಣ. ಈ ಸಲ ಅದೇ ದೂರದರ್ಶನ ಗ್ರಹಣವನ್ನೇ ನೇರ ಪ್ರಸಾರ ಮಾಡಿತು. ವಿಜ್ಞಾನ ಸಂಘಟನೆಗಳು ಸೌರಶೋಧಕಗಳನ್ನು ಹಂಚಿದವು, ಜನ ಗುಂಪುಗುಂಪಾಗಿ ಹೊರಬಂದು ನೋಡಿದರು. ಸೂರ್ಯ ಬದಲಾಗಿರಲಿಲ್ಲ, ಬದಲಾದದ್ದು ತೋರಿಸುವವರ ದೃಷ್ಟಿ.

ಮಾಧ್ಯಮ ಒಲವು ತೋರಲು ಸುಳ್ಳು ಹೇಳಲೇಬೇಕೆಂದಿಲ್ಲ. ಯಾವುದನ್ನು ತೋರಿಸಬೇಕು, ಎಷ್ಟು ಹೊತ್ತು ತೋರಿಸಬೇಕು ಎಂಬ ಆಯ್ಕೆಯೇ ಸಾಕು. ಗ್ರಹಣದಂದು ನಿಂತ ಒನಕೆ ಸುದ್ದಿ. ಮಂಗಳವಾರ ನಿಂತ ಒನಕೆ ಸುದ್ದಿಯಲ್ಲ. ವಾಹಿನಿಯ ಚರ್ಚೆಯಲ್ಲಿ ಒಬ್ಬ ಜ್ಯೋತಿಷಿ, ಒಬ್ಬ ವಿಜ್ಞಾನಿ ಅಕ್ಕಪಕ್ಕ ಕುಳಿತರೆ, ಎರಡೂ ಪಕ್ಷಗಳಿಗೆ ಸರಿಸಮನಾದ ಆಧಾರವಿದೆಯೆಂದು ನೋಡುವವರಿಗೆ ಅನಿಸುತ್ತದೆ.

ಮರುಕಳಿಕೆಗೂ ಒಂದು ಬಲವಿದೆ. ಹ್ಯಾಷರ್, ಗೋಲ್ಡ್‌ಸ್ಟೀನ್, ಟಾಪಿನೋ ಎಂಬ ಅಮೆರಿಕದ ಮೂವರು ಸಂಶೋಧಕರು 1977ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ವಿದ್ಯಾರ್ಥಿಗಳಿಗೆ ಎರಡೆರಡು ವಾರಗಳ ಅಂತರದಲ್ಲಿ ಮೂರು ಸಲ ಕೆಲವು ಹೇಳಿಕೆಗಳನ್ನು ಕೇಳಿಸಿ, ಅವು ಎಷ್ಟು ನಿಜವೆನಿಸುತ್ತವೆಂದು ಅಂಕ ಕೊಡಿಸಿದರು. ಮತ್ತೆ ಮತ್ತೆ ಕೇಳಿದ ಹೇಳಿಕೆಗಳಿಗೆ, ಅವು ನಿಜವಿರಲಿ ಸುಳ್ಳಿರಲಿ, ಅಂಕ ಏರುತ್ತ ಹೋಯಿತು. ಕಿವಿಗೆ ಪರಿಚಿತವಾದದ್ದು ಮನಸ್ಸಿಗೆ ನಿಜವೆನಿಸುತ್ತದೆ. ಒಂದೇ ಸಂದೇಶ ಐದು ಬಳಗಗಳಿಂದ ಮೊಬೈಲಿಗೆ ಬಂದಾಗ ‘ಎಲ್ಲರೂ ಹೇಳುತ್ತಿದ್ದಾರೆ’ ಎನಿಸುವುದು ಇದರಿಂದಲೇ. ಐದೂ ಒಂದೇ ಮೂಲದಿಂದ ಬಂದಿರಬಹುದೆಂದು ಹೊಳೆಯುವುದಿಲ್ಲ.

ಹಾಗೆಂದು ಎಲ್ಲ ತಪ್ಪನ್ನೂ ಮಾಧ್ಯಮದ ಮೇಲೆ ಹೊರಿಸುವ ಮುನ್ನ ಇನ್ನೊಂದು ಅಧ್ಯಯನ ಗಮನಿಸಿ. 1982ರ ಬೈರೂತ್ ಹತ್ಯಾಕಾಂಡದ ಬಗ್ಗೆ ಅಮೆರಿಕದ ಟಿ.ವಿ. ಪ್ರಸಾರ ಮಾಡಿದ್ದ ಸುದ್ದಿ ತುಣುಕುಗಳನ್ನು ವಾಲೋನ್, ರಾಸ್ ಮತ್ತು ಲೆಪರ್ ಎಂಬ ಸಂಶೋಧಕರು ಇಸ್ರೇಲ್ ಪರ ಮತ್ತು ಅರಬ್ ಪರ ಒಲವಿದ್ದ ವಿದ್ಯಾರ್ಥಿಗಳಿಗೆ ತೋರಿಸಿ, 1985ರಲ್ಲಿ ಫಲಿತಾಂಶ ಪ್ರಕಟಿಸಿದರು. ಇಬ್ಬರೂ ನೋಡಿದ್ದು ಅವೇ ತುಣುಕುಗಳನ್ನು. ಆದರೆ ಎರಡೂ ಬಣದವರು ‘ಈ ಸುದ್ದಿ ನಮ್ಮ ವಿರುದ್ಧ ವಾಲಿದೆ’ ಎಂದರು! ಮಾಧ್ಯಮದ ಪಕ್ಷಪಾತವನ್ನು ಅಳೆಯುವ ನಮ್ಮ ಅಳತೆಗೋಲೇ ಬಾಗಿರಬಹುದು.

ವಿಜ್ಞಾನಿಗಳು ಹೊರತೆ?

ಅಲ್ಲ. ಇದಕ್ಕೂ ನಮ್ಮ ನೆಲದ ಗ್ರಹಣವೇ ಸಾಕ್ಷಿ. 1868ರ ಆಗಸ್ಟ್ 18ರ ಪೂರ್ಣಗ್ರಹಣವನ್ನು ರೋಹಿತದರ್ಶಕದಿಂದ ವೀಕ್ಷಿಸಲು ಲೆಫ್ಟಿನೆಂಟ್ ಜಾನ್ ಹರ್ಷೆಲ್ ಇಂದಿನ ಬಾಗಲಕೋಟೆ ಜಿಲ್ಲೆಯ ಜಮಖಂಡಿಗೆ ಬಂದಿದ್ದರು. ಯುರೇನಸ್ ಗ್ರಹವನ್ನು ಕಂಡುಹಿಡಿದ ವಿಲಿಯಂ ಹರ್ಷೆಲ್‌ರ ಮೊಮ್ಮಗ ಇವರು. ಗುಂಟೂರಿನಲ್ಲಿ ಫ್ರಾನ್ಸಿನ ಜಾನ್ಸೆನ್ ಮೊದಲಾದವರಿದ್ದರು. ಸೂರ್ಯನ ಅಂಚಿನ ಜ್ವಾಲೆಗಳಲ್ಲಿ ಹೊಳೆವ ಗೆರೆಗಳು ಕಂಡವು. ಅವು ಕಾದ ಅನಿಲವೆಂದು ಸಿದ್ಧವಾಯಿತು. ಗೆರೆಗಳಲ್ಲೊಂದು ಹಳದಿ. ಅದನ್ನು ಕಂಡವರಲ್ಲಿ ಹೆಚ್ಚಿನವರು ಚಿರಪರಿಚಿತವಾದ ಸೋಡಿಯಂ ಗೆರೆಯೆಂದೇ ಬಗೆದರು. ಹಳದಿಯೆಂದರೆ ಸೋಡಿಯಂ ಎಂಬುದು ಅವರ ವಿದ್ಯೆ ಕೊಟ್ಟ ಪೂರ್ವಗ್ರಹ.

ಅದೇ ವರ್ಷ ಅಕ್ಟೋಬರಿನಲ್ಲಿ ಇಂಗ್ಲೆಂಡಿನ ನಾರ್ಮನ್ ಲಾಕ್ಯರ್ ಗ್ರಹಣವಿಲ್ಲದ ದಿನವೇ ಆ ಗೆರೆಯನ್ನು ಕಂಡರು. ಅಳತೆ ಮಾಡಿದಾಗ ಅದು ಸೋಡಿಯಂ ಗೆರೆಗಳ ಸ್ಥಾನದಲ್ಲಿರಲಿಲ್ಲ. ಹೊಸ ಧಾತುವಿನ ಊಹೆ ಹುಟ್ಟಿತು. ಅದಕ್ಕೆ ಹೀಲಿಯಂ ಎಂದು ಹೆಸರಾಯಿತು. 1895ರಲ್ಲಿ ವಿಲಿಯಂ ರಾಮ್ಸೆ ಅದನ್ನು ಭೂಮಿಯ ಮೇಲೇ ಪತ್ತೆಮಾಡಿದರು.

ಇಲ್ಲಿದೆ ಮುಖ್ಯ ಪಾಠ. ವಿಜ್ಞಾನಿಗಳ ಕಣ್ಣೂ ನಿರೀಕ್ಷಿಸಿದ್ದನ್ನೇ ಕಾಣುತ್ತದೆ. ನಾವೆಲ್ಲ ಬೇರೆಯವರ ಮಾತನ್ನು ನಂಬಿಯೇ ಬದುಕುತ್ತೇವೆ; ಸೂರ್ಯನ ದೂರವನ್ನು ನಮ್ಮಲ್ಲಿ ಎಷ್ಟು ಮಂದಿ ಅಳೆದಿದ್ದೇವೆ? ವಿಜ್ಞಾನದ ವೈಶಿಷ್ಟ್ಯ ಅದರ ವ್ಯವಸ್ಥೆಯಲ್ಲಿದೆ. ಅಲ್ಲಿ ಒಬ್ಬರು ಹೇಳಿದ್ದನ್ನು ಇನ್ನೊಬ್ಬರು ಅಳೆದು ನೋಡಬಹುದು, ತಪ್ಪೆಂದರೆ ಬಹಿಷ್ಕಾರವಿಲ್ಲ. ರಾಹುವಿನ ಕಪಾಟಿಗೆ ಅಂಥ ಬಾಗಿಲಿರಲಿಲ್ಲ.

ಈ ಮಾತು ವಿಚಾರವಾದಿಗಳಿಗೂ ಅನ್ವಯಿಸುತ್ತದೆ. ಗ್ರಹಣದ ಹೊತ್ತಿನಲ್ಲಿ ಬಹಿರಂಗವಾಗಿ ಉಪಾಹಾರ ಸೇವಿಸುವ ಕಾರ್ಯಕ್ರಮಗಳು ಭಯ ನೀಗಿಸಲು ಒಳ್ಳೆಯವು. ಆದರೆ ‘ನಾನು ತಿಂದೆ, ನನಗೇನೂ ಆಗಲಿಲ್ಲ’ ಎಂಬ ವಾದ ‘ಅವನು ತಿಂದ, ಅವನಿಗೆ ಜ್ವರ ಬಂತು’ ಎಂಬ ವಾದದ ಅವಳಿ ಸೋದರ. ಒಂದು ಉದಾಹರಣೆ ಯಾವ ಕಡೆಗೂ ಪುರಾವೆಯಾಗದು. 2017ರ ಆಗಸ್ಟ್ 21ರ ಗ್ರಹಣದಲ್ಲಿ ಅಮೆರಿಕದ ಕೋಟ್ಯಂತರ ಜನ ಬಯಲಲ್ಲಿ ನಿಂತು, ತಿನ್ನುತ್ತ ಕುಡಿಯುತ್ತ ನೋಡಿದರು. ಅವರಲ್ಲಿ ಗರ್ಭಿಣಿಯರೂ ಇದ್ದಿರಲೇಬೇಕು. ತೂಕವಿರುವುದು ಇಂಥ ದೊಡ್ಡ ಸಂಖ್ಯೆಗೆ.

ಗ್ರಹಣಕಾಲದಲ್ಲಿ ಜಪ, ಸ್ನಾನ ಮಾಡುವವರಿದ್ದಾರೆ. ಅದು ಅವರವರ ಶ್ರದ್ಧೆ, ವಿಜ್ಞಾನಕ್ಕೆ ಅದರೊಡನೆ ಜಗಳವಿಲ್ಲ. ಆದರೆ ‘ಆಹಾರ ವಿಷವಾಗುತ್ತದೆ’, ‘ಹೂತಿಟ್ಟರೆ ಮಗು ನಡೆಯುತ್ತದೆ’ ಎಂಬವು ಜಗತ್ತಿನ ಬಗೆಗಿನ ಹೇಳಿಕೆಗಳು. ಅವನ್ನು ಪರೀಕ್ಷಿಸಬಹುದು, ಪರೀಕ್ಷಿಸಲೇಬೇಕು.

ತರಗತಿಯಲ್ಲಿ ಏನು ಮಾಡಬಹುದು?

1976ರ 42ನೆಯ ತಿದ್ದುಪಡಿಯ ಮೂಲಕ ವೈಜ್ಞಾನಿಕ ಮನೋಭಾವವನ್ನು ಬೆಳೆಸಿಕೊಳ್ಳುವುದು ನಾಗರಿಕರ ಮೂಲಭೂತ ಕರ್ತವ್ಯಗಳಲ್ಲಿ ಒಂದಾಯಿತು. ಅದನ್ನು ಕಂಠಪಾಠ ಮಾಡಿಸುವುದಕ್ಕಿಂತ ಮಾಡಿ ತೋರಿಸುವುದು ಮೇಲು.

1. ಗ್ರಹಣಕ್ಕೆ ಒಂದು ವಾರ ಮೊದಲೇ ಮಕ್ಕಳು ಮನೆಯ ಹಿರಿಯರನ್ನು ಕೇಳಿ, ಗ್ರಹಣದಿಂದ ಏನೇನಾಗುತ್ತದೆಂಬ ಪಟ್ಟಿ ಮಾಡಲಿ. ನಗುವುದು ಬೇಡ, ಬರೆದುಕೊಳ್ಳಲಿ.

2. ಪ್ರತಿ ಹೇಳಿಕೆಯ ಎದುರಿಗೆ ‘ಇದು ತಪ್ಪಾಗಿದ್ದರೆ ನಮಗೆ ಹೇಗೆ ಗೊತ್ತಾಗುತ್ತದೆ?’ ಎಂಬ ಪ್ರಶ್ನೆಗೆ ಉತ್ತರ ಬರೆಯಲಿ. ಉತ್ತರವೇ ಇಲ್ಲದ ಹೇಳಿಕೆಗಳನ್ನು ಬೇರೆ ಇಡಿ. ನಿರೀಕ್ಷೆಯನ್ನು ಮೊದಲೇ ಬರೆದಿಟ್ಟರೆ ನಂತರ ನೆನಪು ಮೋಸ ಮಾಡದು.

3. ಒನಕೆಯನ್ನು ಗ್ರಹಣದ ದಿನವೂ ಬೇರೆ ಮೂರು ದಿನವೂ ತಲಾ ಇಪ್ಪತ್ತು ಸಲ ನಿಲ್ಲಿಸಲು ಯತ್ನಿಸಿ, ಎಷ್ಟು ಸಲ ನಿಂತಿತೆಂದು ಬರೆಯಿರಿ.

4. ಒಂದೇ ಪಾತ್ರೆಯ ಅನ್ನವನ್ನು ಎರಡು ಡಬ್ಬಿಗಳಲ್ಲಿ ಹಾಕಿ, ಒಂದಕ್ಕೆ ದರ್ಭೆ ಇಟ್ಟು, ಇನ್ನೊಂದಕ್ಕೆ ಇಡದೆ, ಎರಡನ್ನೂ ಒಂದೇ ಕಡೆ ಇಡಿ. ಯಾವುದು ಯಾವುದೆಂದು ತಿಳಿಯದವರು ಮರುದಿನ ನೋಡಿ, ಕೆಟ್ಟದ್ದು ಯಾವುದೆಂದು ಹೇಳಲಿ. ಯಾರೂ ರುಚಿ ನೋಡಬಾರದು.

5. ಎರಡು ಪತ್ರಿಕೆ, ಒಂದು ವಾಹಿನಿಯ ಗ್ರಹಣ ಸುದ್ದಿಯನ್ನು ಹೋಲಿಸಿ. ಯಾರು ಯಾರಿಗೆ ಎಷ್ಟು ಜಾಗ ಕೊಟ್ಟರು? ಏನನ್ನು ಬಿಟ್ಟರು?

6. ಕೊನೆಯದಾಗಿ, ಪ್ರತಿಯೊಬ್ಬರೂ ತಾವು ಗಟ್ಟಿಯಾಗಿ ನಂಬಿರುವ ಒಂದು ವಿಷಯ ಬರೆದು, ಯಾವ ಸಾಕ್ಷಿ ಸಿಕ್ಕರೆ ಅದನ್ನು ಬಿಟ್ಟುಕೊಡುವರೆಂದೂ ಬರೆಯಲಿ. ಶಿಕ್ಷಕರೂ ಬರೆಯಲಿ. ಪಟ್ಟಿಯಲ್ಲಿ ಇದೇ ಅತಿ ಕಷ್ಟದ ಪ್ರಯೋಗ.

ಸೂರ್ಯನನ್ನು ನೋಡಲು ಪ್ರಮಾಣಿತ ಸೌರಶೋಧಕವನ್ನೇ ಬಳಸಿ. ಅದಿಲ್ಲದಿದ್ದರೆ ರಟ್ಟಿನಲ್ಲಿ ಸೂಜಿರಂಧ್ರ ಮಾಡಿ ಬಿಂಬವನ್ನು ಬಿಳಿ ಹಾಳೆಯ ಮೇಲೆ ಬೀಳಿಸಿ ನೋಡಿ. ಎಕ್ಸ್‌ರೇ ಹಾಳೆ, ಮಸಿ ಹಿಡಿಸಿದ ಗಾಜು ಬೇಡ.

2027ರ ಆಗಸ್ಟ್ 2ರ ಸೂರ್ಯಗ್ರಹಣ ಉತ್ತರ ಆಫ್ರಿಕಾ, ಅರೇಬಿಯಾಗಳಲ್ಲಿ ಪೂರ್ಣ. ಕರ್ನಾಟಕದಲ್ಲಿ ಮಧ್ಯಾಹ್ನದ ನಂತರ ಪಾರ್ಶ್ವವಾಗಿ ಕಾಣುವಂಥದ್ದು. ಮೇಲಿನ ಪಟ್ಟಿಯನ್ನು ಆ ದಿನಕ್ಕೆ ಮೊದಲೇ ಸಿದ್ಧಮಾಡಿಕೊಳ್ಳಿ. ಸೂರ್ಯನಿಗೆ ಹಿಡಿದ ಗ್ರಹಣ ಎರಡು ಮೂರು ಗಂಟೆಗಳಲ್ಲಿ ತಾನಾಗಿ ಬಿಡುತ್ತದೆ. ಪೂರ್ವಗ್ರಹ ಹಾಗಲ್ಲ; ಅದನ್ನು ನಾವೇ ಪರೀಕ್ಷೆಗೆ ಒಡ್ಡಿ ಬಿಡಿಸಿಕೊಳ್ಳಬೇಕು.